ಆಸ್ಟ್ರೇಲಿಯಾದ ನಾಟಕಗಳು, ಮನೆಯೊಳಗೆ ಯಾರೂ ಆಡದ ಮಾತು

ರೇ ಲಾಲರ್ ಅವರು ಹದಿಮೂರನೇ ವಯಸ್ಸಿಗೇ ಶಾಲೆ ಬಿಟ್ಟು ಕಾರ್ಖಾನೆ ಕೆಲಸಕ್ಕೆ ಸೇರಿದವರು. ಮೆಲ್ಬರ್ನ್‌ನ ಫುಟ್‌ಸ್ಕ್ರೇ ಎಂಬ ಕಾರ್ಮಿಕರ ಬಡಾವಣೆಯವರು. ಅವರು ಬರೆದ ‘ಸಮ್ಮರ್ ಆಫ್ ದಿ ಸೆವೆಂಟೀಂತ್ ಡಾಲ್’ 1955ರ ನವೆಂಬರ್ 28ರಂದು ಮೆಲ್ಬರ್ನ್ ವಿಶ್ವವಿದ್ಯಾಲಯದ ಯೂನಿಯನ್ ಥಿಯೇಟರಿನಲ್ಲಿ ಮೊದಲ ಸಲ ರಂಗಕ್ಕೆ ಬಂತು. ಬಾರ್ನಿ ಎಂಬ ಪಾತ್ರವನ್ನು ಲಾಲರ್ ಅವರೇ ಮಾಡಿದ್ದರು. ಅಲ್ಲಿಯವರೆಗೆ ಆ ದೇಶದ ದೊಡ್ಡ ರಂಗಮಂದಿರಗಳಲ್ಲಿ ಜಾಸ್ತಿ ಕಾಣುತ್ತಿದ್ದದ್ದು ಹೊರಗಿನಿಂದ ಬಂದ ನಾಟಕ, ಕಿವಿಗೆ ಬೀಳುತ್ತಿದ್ದದ್ದು ಲಂಡನ್ನಿನ ಇಂಗ್ಲಿಷ್. ಇಲ್ಲಿ ಕಬ್ಬು ಕಡಿಯುವ ಗಂಡಸರು, ಬಾರಿನಲ್ಲಿ ಬಿಯರ್ ಹಾಕಿಕೊಡುವ ಹೆಂಗಸರು ತಮ್ಮದೇ ಧಾಟಿಯಲ್ಲಿ ಮಾತಾಡಿದರು.

ಕಥೆ ಇಷ್ಟು. ರೂ ಮತ್ತು ಬಾರ್ನಿ ವರ್ಷದಲ್ಲಿ ಏಳು ತಿಂಗಳು ಕ್ವೀನ್ಸ್‌ಲ್ಯಾಂಡಿನಲ್ಲಿ ಕಬ್ಬು ಕಡಿಯುತ್ತಾರೆ. ಉಳಿದ ಐದು ತಿಂಗಳು ಮೆಲ್ಬರ್ನ್‌ನ ಕಾರ್ಲ್ಟನ್‌ಗೆ ಬಂದು ಆಲಿವ್ ಮತ್ತು ನ್ಯಾನ್ಸಿ ಜೊತೆ ಇರುತ್ತಾರೆ. ದುಡಿದದ್ದನ್ನೆಲ್ಲ ಕುಡಿದು, ಕುಣಿದು, ನಕ್ಕು ಕಳೆಯುತ್ತಾರೆ. ಪ್ರತಿ ವರ್ಷ ರೂ ಆಲಿವ್‌ಗೆ ಒಂದು ಗೊಂಬೆ ತರುತ್ತಾನೆ. ಹದಿನಾರು ಬೇಸಿಗೆ ಹೀಗೇ ಕಳೆದಿದೆ. ಹದಿನೇಳನೆಯ ಬೇಸಿಗೆಗೆ ನ್ಯಾನ್ಸಿ ಬೇರೆ ಯಾರನ್ನೋ ಮದುವೆಯಾಗಿ ಹೋಗಿದ್ದಾಳೆ. ರೂ ಕೈ ಬರಿದಾಗಿದೆ. ಕಬ್ಬಿನ ಗದ್ದೆಯಲ್ಲಿ ಒಬ್ಬ ಚಿಕ್ಕ ವಯಸ್ಸಿನ ಹುಡುಗ ಅವನಿಗಿಂತ ಚುರುಕಾಗಿ ಬೆಳೆದುಬಿಟ್ಟಿದ್ದಾನೆ. ಅದನ್ನು ತಡೆಯಲಾರದೆ ರೂ ಕೆಲಸ ಬಿಟ್ಟು ಬಂದಿದ್ದಾನೆ. ಈಗ ಪೇಂಟ್ ಕಾರ್ಖಾನೆಯಲ್ಲಿ ದುಡಿಯಬೇಕಾಗಿದೆ.

ಕೊನೆಗೆ ರೂ ಮದುವೆಯಾಗೋಣ ಅನ್ನುತ್ತಾನೆ. ಯಾವ ಸಿನಿಮಾದಲ್ಲಾದರೂ ಇಲ್ಲಿಗೆ ಸುಖಾಂತ್ಯ. ಆದರೆ ಆಲಿವ್ ಕಿರುಚಿಕೊಳ್ಳುತ್ತಾಳೆ. ತನ್ನಿಂದ ಕಿತ್ತುಕೊಂಡದ್ದನ್ನು ವಾಪಸ್ ಕೊಡು ಅಂತ ಕೇಳುತ್ತಾಳೆ. ಅವಳಿಗೆ ಬೇಕಾದದ್ದು ಗಂಡನಲ್ಲ, ಆ ಐದು ತಿಂಗಳು. ಅವಳು ಹೊರಟುಹೋದ ಮೇಲೆ ರೂ ಆ ಗೊಂಬೆಯನ್ನು ಚಚ್ಚಿ ಪುಡಿ ಮಾಡುತ್ತಾನೆ. 1959ರಲ್ಲಿ ಇದನ್ನು ಸಿನಿಮಾ ಮಾಡಿದಾಗ ಕೊನೆಯನ್ನು ಸಿಹಿಯಾಗಿ ತಿದ್ದಿದರು. ನನಗೆ ಅದು ಅನ್ಯಾಯ ಅನ್ನಿಸುತ್ತದೆ. ವಯಸ್ಸಾಗುತ್ತಿದೆ ಅನ್ನುವ ಒಂದೇ ಒಂದು ಮಾತನ್ನು ಆ ಮನೆಯಲ್ಲಿ ಇಷ್ಟು ವರ್ಷ ಯಾರೂ ಆಡಿರಲಿಲ್ಲ. ಎಲ್ಲರಿಗೂ ಗೊತ್ತಿತ್ತು. ಆಡದೆ ಇದ್ದದ್ದರ ಬೆಲೆಯನ್ನೇ ಆಲಿವ್ ಕೊನೆಯಲ್ಲಿ ಕಟ್ಟುವುದು.

ಮೆಲ್ಬರ್ನ್‌ಗೆ ಬಂದು ನೆಲೆಸಿದ ಮೇಲೆ ನಾನು ಈ ದೇಶದ ನಾಟಕಗಳನ್ನು ಓದತೊಡಗಿದೆ. ಆದಾಗ ನೋಡಿದೆ. ಓದುವುದು ಇಲ್ಲಿ ಸುಲಭ, ಯಾಕೆಂದರೆ ಕರೆನ್ಸಿ ಪ್ರೆಸ್ ಎಂಬ ಪ್ರಕಾಶನ 1971ರಿಂದ ಇದೇ ಕೆಲಸ ಮಾಡುತ್ತಾ ಬಂದಿದೆ. ಎಷ್ಟೋ ಸಲ ನಾಟಕ ನಡೆಯುವ ಜಾಗದಲ್ಲೇ ಆ ನಾಟಕದ ಪುಸ್ತಕ ಸಿಗುತ್ತದೆ. ಹೀಗೆ ಓದುತ್ತಾ ಹೋದಂತೆ ನನಗೆ ಒಂದು ವಿಷಯ ಮತ್ತೆ ಮತ್ತೆ ಕಂಡಿತು. ಈ ನಾಟಕಗಳಲ್ಲಿ ಮನೆಯವರಿಗೆಲ್ಲ ಗೊತ್ತಿರುವ, ಆದರೆ ಯಾರೂ ಬಾಯಿಬಿಟ್ಟು ಹೇಳದ ಒಂದು ಮಾತು ಇರುತ್ತದೆ. ನಾಟಕ ಅಂದರೆ ಆ ಮಾತು ಹೊರಗೆ ಬರುವ ಹೊತ್ತು. ಮನೆ ಮಾತ್ರ ಬದಲಾಗುತ್ತಾ ಹೋಗುತ್ತದೆ. ಕೆಲವೊಮ್ಮೆ ಅದು ಬಾಡಿಗೆ ಮನೆ, ಕೆಲವೊಮ್ಮೆ ಇಡೀ ದೇಶ.

1960ರಲ್ಲಿ ಅಡಿಲೇಡ್ ಉತ್ಸವ ಮೊದಲ ಸಲ ನಡೆದಾಗ ಅಲನ್ ಸೆಮೂರ್ ಅವರ ‘ದಿ ಒನ್ ಡೇ ಆಫ್ ದಿ ಇಯರ್’ ಎಂಬ ನಾಟಕ ಅಲ್ಲಿ ಆಡಬೇಕಿತ್ತು. ಉತ್ಸವದ ಆಡಳಿತ ಮಂಡಳಿ ಬೇಡ ಅಂದಿತು. ಮಾಜಿ ಸೈನಿಕರಿಗೆ ನೋವಾಗುತ್ತದೆ ಅನ್ನುವ ಭಯ. ಅದು ಆನ್‌ಜಾಕ್ ದಿನದ ಬಗ್ಗೆ ಇದ್ದ ನಾಟಕ. ಮೊದಲ ಮಹಾಯುದ್ಧದಲ್ಲಿ, 1915ರ ಏಪ್ರಿಲ್ 25ರಂದು, ಟರ್ಕಿಯ ಗಲಿಪೊಲಿಯಲ್ಲಿ ದಡಕ್ಕೆ ಇಳಿದ ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಸೈನಿಕರನ್ನು ನೆನೆಯುವ ದಿನ. ಇಲ್ಲಿ ಅದಕ್ಕಿಂತ ಪವಿತ್ರವಾದ ದಿನ ಇನ್ನೊಂದಿಲ್ಲ. ಕೊನೆಗೆ ಅಡಿಲೇಡಿನ ಒಂದು ಹವ್ಯಾಸಿ ತಂಡ ಅದೇ ವರ್ಷ ಜುಲೈನಲ್ಲಿ ಅದನ್ನು ಆಡಿತು.

ಆಲ್ಫ್ ಕುಕ್ ಲಿಫ್ಟ್ ನಡೆಸುವ ಕೆಲಸದವನು. ಎರಡನೇ ಮಹಾಯುದ್ಧಕ್ಕೆ ಹೋಗಿ ಬಂದವನು. ವರ್ಷಕ್ಕೆ ಒಂದು ದಿನ ಮಾತ್ರ ಅವನು ದೊಡ್ಡ ಮನುಷ್ಯ. ಆ ದಿನ ಬೆಳಗ್ಗೆ ಮೆರವಣಿಗೆ, ಆಮೇಲೆ ಕುಡಿತ. ಅವನ ಮಗ ಹ್ಯೂಯಿ ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದಾನೆ. ಆ ದಿನದ ಕುಡಿತವನ್ನು ಫೋಟೋ ಸಮೇತ ವಿದ್ಯಾರ್ಥಿಗಳ ಪತ್ರಿಕೆಯಲ್ಲಿ ಬಯಲು ಮಾಡುತ್ತಾನೆ. ತಂದೆ ಮಗನ ಜಗಳ ಅಂತ ಇದನ್ನು ಎಲ್ಲರೂ ಓದುತ್ತಾರೆ. ನನ್ನ ಗಮನ ಮಾತ್ರ ವಾಕಾ ಎಂಬ ಮುದುಕನ ಮೇಲೇ ನಿಲ್ಲುತ್ತದೆ. ಗಲಿಪೊಲಿಯಲ್ಲಿ ನಿಜವಾಗಿ ಇದ್ದವನು ಆ ಮನೆಯಲ್ಲಿ ಅವನೊಬ್ಬನೇ. ಆದರೂ ಅವನು ಆ ಬಗ್ಗೆ ಬಾಯಿ ಬಿಡುವುದೇ ಅಪರೂಪ. ಕೂಗಾಡುವವನು ಆಲ್ಫ್. ಸೆಮೂರ್ ಅವರು ಯಾರನ್ನೂ ಖಳನಾಯಕ ಮಾಡಲಿಲ್ಲ. ಬಡತನದಲ್ಲಿ, ಬೇರೆ ಯಾವ ಗೌರವವೂ ಸಿಗದವನಿಗೆ ಆ ಒಂದು ದಿನ ಎಷ್ಟು ಮುಖ್ಯ ಅನ್ನುವುದನ್ನು ಅವರು ಮಗನಿಗಿಂತ ಚೆನ್ನಾಗಿ ಬಲ್ಲರು.

ಎಪ್ಪತ್ತರ ದಶಕಕ್ಕೆ ಬಂದರೆ ಎಲ್ಲ ಮತ್ತೆ ಕಾರ್ಲ್ಟನ್‌ಗೇ ಬರುತ್ತದೆ. 1967ರಲ್ಲಿ ಬೆಟ್ಟಿ ಬರ್ಸ್‌ಟಾಲ್ ಅವರು ಫ್ಯಾರಡೇ ಬೀದಿಯ ಒಂದು ಹಳೆಯ ಪುಟ್ಟ ಕಾರ್ಖಾನೆ ಕಟ್ಟಡದಲ್ಲಿ ಲಾ ಮಾಮಾ ಎಂಬ ರಂಗಮಂದಿರ ತೆರೆದರು. ಇಂದಿಗೂ ಅಲ್ಲಿ ನಾಟಕಕ್ಕೆ ಮುಂಚೆ ಚೀಟಿ ಎತ್ತಿ ಬಂದವರಲ್ಲಿ ಒಬ್ಬರಿಗೆ ಬಹುಮಾನ ಕೊಡುವ ಪದ್ಧತಿ ಇದೆ. 2018ರಲ್ಲಿ ಕಟ್ಟಡಕ್ಕೆ ಬೆಂಕಿ ಬಿತ್ತು. ಜನ ಹಣ ಕೂಡಿಸಿದರು, 2021ರ ಕೊನೆಗೆ ಮತ್ತೆ ಬಾಗಿಲು ತೆರೆಯಿತು. ಅಷ್ಟು ಚಿಕ್ಕ ಜಾಗದಲ್ಲಿ 1971ರಲ್ಲಿ ಡೇವಿಡ್ ವಿಲಿಯಮ್ಸನ್ ಅವರ ‘ದಿ ರಿಮೂವಲಿಸ್ಟ್ಸ್’ ಆಡಿದರು. ಗಂಡನಿಂದ ಏಟು ತಿಂದ ಹೆಂಗಸು ಅಕ್ಕನ ಜೊತೆ ಪೊಲೀಸ್ ಠಾಣೆಗೆ ಬರುತ್ತಾಳೆ. ಪೊಲೀಸರು ಮನೆ ಸಾಮಾನು ಸಾಗಿಸಲು ಸಹಾಯ ಮಾಡುವ ನೆಪದಲ್ಲಿ ಮನೆಗೇ ಬಂದು, ಕೊನೆಗೆ ಗಂಡನನ್ನೇ ಹೊಡೆದು ಸಾಯಿಸುತ್ತಾರೆ. ಸಾಮಾನು ಸಾಗಿಸಲು ಬಂದವನು ಎಲ್ಲವನ್ನೂ ನೋಡುತ್ತಾನೆ, ತನ್ನ ಕೆಲಸ ತಾನು ಮಾಡಿಕೊಂಡು ಹೋಗುತ್ತಾನೆ. ನಾಟಕಕ್ಕೆ ಅವನ ಕಸುಬಿನ ಹೆಸರನ್ನೇ ಇಟ್ಟದ್ದು ಸರಿಯಾಗಿದೆ. ವಿಲಿಯಮ್ಸನ್ ಅವರು ಆಮೇಲೆ ಬರೆದ ಮಧ್ಯಮವರ್ಗದ ಹಾಸ್ಯ ನಾಟಕಗಳು ಜಾಸ್ತಿ ಓಡಿದವು. ನನಗೆ ಅವುಗಳ ಮೇಲೆ ಅಷ್ಟು ಮನಸ್ಸಿಲ್ಲ.

ಇಲ್ಲಿಯವರೆಗೆ ಹೇಳಿದ ನಾಟಕಗಳಲ್ಲಿ ಬಿಳಿಯರು ಮಾತ್ರ ಇದ್ದಾರೆ, ಗಮನಿಸಿದಿರಾ? 1968ರಲ್ಲಿ ಮಾನವಶಾಸ್ತ್ರಜ್ಞ ಡಬ್ಲ್ಯು. ಇ. ಎಚ್. ಸ್ಟಾನರ್ ಅವರು ರೇಡಿಯೋದಲ್ಲಿ ಬಾಯರ್ ಉಪನ್ಯಾಸಗಳನ್ನು ಕೊಟ್ಟರು. ಈ ದೇಶದ ಇತಿಹಾಸದಲ್ಲಿ ಮೂಲನಿವಾಸಿಗಳ ಬಗ್ಗೆ ಇರುವ ಮೌನ ಸುಮ್ನೆ ಮರೆವಿನಿಂದ ಬಂದದ್ದಲ್ಲ ಅಂದರು. ನೋಟದ ಒಂದು ಇಡೀ ಭಾಗ ಕಾಣದ ಹಾಗೆ ಎಚ್ಚರದಿಂದ ಕಿಟಕಿ ಇಟ್ಟಂತೆ ಅದು ಅನ್ನುವುದು ಅವರ ಮಾತಿನ ಸಾರ. ಲಾಲರ್, ಸೆಮೂರ್, ವಿಲಿಯಮ್ಸನ್ ಕಟ್ಟಿದ ಮನೆಗಳಲ್ಲಿ ಒಳಗಿನ ಮೌನ ಒಡೆಯುತ್ತದೆ. ಆದರೆ ಆ ಮನೆಗಳು ಯಾರ ನೆಲದ ಮೇಲೆ ನಿಂತಿವೆ ಅನ್ನುವ ಮಾತು ಬರುವುದಿಲ್ಲ.

ಇದನ್ನು ಓದಿದಾಗ ನನಗೆ ನಮ್ಮ ಮನೆ ನೆನಪಾಯಿತು. 1974ರ ಭೂ ಸುಧಾರಣೆಯ ಮಾತು ಬಂದಾಗಲೆಲ್ಲ ದೊಡ್ಡವರು ‘ಜಮೀನು ಹೋಯಿತು’ ಅನ್ನುತ್ತಿದ್ದರು. ಯಾರ ಕೈಗೆ ಹೋಯಿತು, ಅವರು ಅದನ್ನು ಎಷ್ಟು ತಲೆಮಾರಿನಿಂದ ಉಳುತ್ತಿದ್ದರು, ಗೇಣಿ ಎಷ್ಟು ಅಳೆಯುತ್ತಿದ್ದರು ಅನ್ನುವುದನ್ನು ಯಾರೂ ಹೇಳಲಿಲ್ಲ. ಅಜ್ಜಿಗೆ ಎಲ್ಲ ಗೊತ್ತಿತ್ತು. ಎರಡೂ ಒಂದೇ ಅಂತ ನಾನು ಹೇಳುತ್ತಿಲ್ಲ. ಇಲ್ಲಿ ಒಂದು ಇಡೀ ಖಂಡವನ್ನೇ ಕಿತ್ತುಕೊಂಡರು. ಆದರೆ ಮನೆಯೊಳಗೆ ಒಂದು ಮಾತನ್ನು ಹೇಗೆ ನಾಜೂಕಾಗಿ ಬದಿಗೆ ಸರಿಸುತ್ತಾರೆ ಅನ್ನುವುದು ನನಗೆ ಚಿಕ್ಕಂದಿನಿಂದಲೇ ಗೊತ್ತು. ಅದಕ್ಕೇ ಇರಬೇಕು, ಈ ನಾಟಕಗಳು ನನಗೆ ಹೊರಗಿನವು ಅನ್ನಿಸಲಿಲ್ಲ.

ಆ ಮಾತನ್ನು ಮೂಲನಿವಾಸಿಗಳೇ ರಂಗಕ್ಕೆ ತಂದರು. ವಿರಾಜುರಿ ಜನಾಂಗದ ಕೆವಿನ್ ಗಿಲ್ಬರ್ಟ್ ಅವರ ‘ದಿ ಚೆರ್ರಿ ಪಿಕರ್ಸ್’ 1971ರಲ್ಲಿ ಸಿಡ್ನಿಯಲ್ಲಿ ರಂಗ ಕಂಡಿತು. ರಾಬರ್ಟ್ ಮೆರಿಟ್ ಅವರ ‘ದಿ ಕೇಕ್ ಮ್ಯಾನ್’ 1975ರಲ್ಲಿ ರೆಡ್‌ಫರ್ನ್‌ನಲ್ಲಿ ಬಂತು. ನಾನು ಅತಿ ಹೆಚ್ಚು ಸಲ ಓದಿರುವುದು ಮಾತ್ರ ಜಾಕ್ ಡೇವಿಸ್ ಅವರ ‘ನೋ ಶುಗರ್’. 1985ರಲ್ಲಿ ಪರ್ತ್ ಉತ್ಸವದಲ್ಲಿ ಮೊದಲು ಆಡಿದ ನಾಟಕ.

ಕಾಲ 1929ರಿಂದ 1934, ಜಗತ್ತೆಲ್ಲ ಆರ್ಥಿಕ ಕುಸಿತದಲ್ಲಿದ್ದ ಹೊತ್ತು. ಪಶ್ಚಿಮ ಆಸ್ಟ್ರೇಲಿಯಾದ ನಾರ್ಥಮ್ ಊರಿನ ಅಂಚಿನಲ್ಲಿ ಮಿಲ್ಲಿಮುರ್ರಾ ಕುಟುಂಬ ಗುಡಾರ ಹಾಕಿಕೊಂಡಿದೆ. ಸರ್ಕಾರ ಕೊಡುವ ಪಡಿತರದ ಮೇಲೆ ಬದುಕು. ಒಂದು ದಿನ ಸೋಪನ್ನು ಪಡಿತರದಿಂದ ತೆಗೆದುಹಾಕುತ್ತಾರೆ. ಆಮೇಲೆ ಕಜ್ಜಿ ಹರಡುತ್ತಿದೆ ಅನ್ನುವ ನೆಪ ಹೇಳಿ ಇಡೀ ಜನವನ್ನು ಮೂರ್ ರಿವರ್ ಎಂಬ ಸರ್ಕಾರಿ ವಸತಿಗೆ ಸಾಗಿಸುತ್ತಾರೆ. ಈ ಎರಡನ್ನೂ ಜೋಡಿಸಿ ನೋಡಿ ಅಂತ ಡೇವಿಸ್ ಅವರು ಎಲ್ಲೂ ಬೆರಳು ತೋರಿಸುವುದಿಲ್ಲ. ನೋಡುವವರಿಗೆ ತಾನಾಗಿಯೇ ಹೊಳೆಯುತ್ತದೆ. ಇದು ನಿಜವಾಗಿ ನಡೆದದ್ದು. 1933ರಲ್ಲಿ ನಾರ್ಥಮ್‌ನ ಮೂಲನಿವಾಸಿಗಳನ್ನು ಹೀಗೇ ಎತ್ತಂಗಡಿ ಮಾಡಿದರು. ಡೇವಿಸ್ ಅವರು ಸ್ವತಃ ಹುಡುಗನಾಗಿದ್ದಾಗ ಮೂರ್ ರಿವರ್‌ನಲ್ಲಿ ಇದ್ದವರು.

ನಾಟಕದಲ್ಲಿ ಎ. ಒ. ನೆವಿಲ್ ಎಂಬ ಅಧಿಕಾರಿ ಬರುತ್ತಾರೆ. ಇತಿಹಾಸದಲ್ಲಿ ಇದ್ದ ಮನುಷ್ಯ. ಆ ರಾಜ್ಯದ ಮೂಲನಿವಾಸಿಗಳ ‘ಮುಖ್ಯ ರಕ್ಷಕ’ ಎಂಬ ಹುದ್ದೆಯಲ್ಲಿದ್ದವರು. ಕಚೇರಿಯಲ್ಲಿ ಕೂತು ಕಾಗದ ಬರೆಸುತ್ತಾರೆ, ಸೋಪಿನ ಖರ್ಚು ಲೆಕ್ಕ ಹಾಕುತ್ತಾರೆ. ಇನ್ನೊಂದು ಕಡೆ, ಬೆಂಕಿ ಸುತ್ತ ಕೂತಾಗ ಬಿಲ್ಲಿ ಎಂಬ ಜಾಡುಗಾರ, ಊಂಬುಲ್ಗರ್ರಿ ಎಂಬಲ್ಲಿ ಬಿಳಿಯರು ತನ್ನ ಜನರನ್ನು ಗುಂಡಿಟ್ಟು ಕೊಂದ ಕಥೆ ಹೇಳುತ್ತಾನೆ. ಅವನು ಈಗ ಅದೇ ಬಿಳಿಯರ ಕೈಕೆಳಗೆ ಕೆಲಸ ಮಾಡುವವನು, ಓಡಿಹೋದ ತನ್ನಂಥವರನ್ನೇ ಹಿಡಿದು ತರುವವನು. ಆ ಮಾತು ಅವನ ಬಾಯಿಂದ ಬರುವುದರಲ್ಲೇ ಆ ದೃಶ್ಯದ ಭಾರ ಇದೆ. ಕಚೇರಿಯ ಕಡತದಲ್ಲಿ ಇಲ್ಲದ ಇತಿಹಾಸ ಬೆಂಕಿಯ ಪಕ್ಕದಲ್ಲಿದೆ.

ಈ ನಾಟಕವನ್ನು ಒಂದೇ ವೇದಿಕೆಯ ಮೇಲೆ ಆಡುವ ಹಾಗೆ ಬರೆದಿಲ್ಲ. ಗುಡಾರ ಒಂದು ಕಡೆ, ಪೊಲೀಸ್ ಠಾಣೆ ಒಂದು ಕಡೆ, ನೆವಿಲ್ ಕಚೇರಿ ಇನ್ನೊಂದು ಕಡೆ. ಮೊದಲ ಪ್ರದರ್ಶನದಲ್ಲಿ ಪ್ರೇಕ್ಷಕರೂ ಪಾತ್ರಗಳ ಜೊತೆ ಎದ್ದು ನಡೆಯಬೇಕಿತ್ತು. ಕುಟುಂಬವನ್ನು ಎತ್ತಂಗಡಿ ಮಾಡಿದಾಗ ನೀವೂ ಎದ್ದು ಹೊರಡಬೇಕು. ಆ ಜನರ ನುಂಗಾರ್ ಭಾಷೆಯ ಮಾತುಗಳು ಸಂಭಾಷಣೆಯಲ್ಲಿ ಧಾರಾಳವಾಗಿ ಬರುತ್ತವೆ. ಅರ್ಥವಾಗದ ಹೊತ್ತಿನಲ್ಲಿ ಬಿಳಿಯ ಪ್ರೇಕ್ಷಕ ಆ ರಾತ್ರಿ ಮಟ್ಟಿಗೆ ಪರಕೀಯ. ಕೊನೆಯ ಭಾಗದಲ್ಲಿ ಒಂದು ಆಸ್ಟ್ರೇಲಿಯಾ ದಿನಾಚರಣೆ ಇದೆ. ನೆವಿಲ್ ಎದುರು ಎಲ್ಲರೂ ಕ್ರೈಸ್ತ ಭಜನೆ ಹಾಡಬೇಕು. ಅವರು ಅದೇ ಧಾಟಿಗೆ ತಮ್ಮ ಸಾಲು ಸೇರಿಸುತ್ತಾರೆ, ಚಹಾಕ್ಕೆ ಸಕ್ಕರೆ ಇಲ್ಲ ಅಂತ ಹಾಡುತ್ತಾರೆ. ನಾಟಕದ ಹೆಸರು ಬಂದದ್ದು ಅಲ್ಲಿಂದ. ಆ ಕುಟುಂಬ ಇಡೀ ನಾಟಕದಲ್ಲಿ ನಗುತ್ತದೆ, ಜಗಳವಾಡುತ್ತದೆ, ಕದಿಯುತ್ತದೆ, ಪ್ರೀತಿಸುತ್ತದೆ. ನನಗೆ ಡೇವಿಸ್ ಅವರ ಮೇಲೆ ಇರುವ ಗೌರವಕ್ಕೆ ಇದೇ ಕಾರಣ. ತನ್ನ ಜನರನ್ನು ಅವರು ಬರೀ ಸಂತ್ರಸ್ತರನ್ನಾಗಿ ಮಾಡಲಿಲ್ಲ.

‘ನೋ ಶುಗರ್’ ಬಂದ ಹತ್ತು ವರ್ಷದ ನಂತರ ಬ್ರಿಸ್ಬೇನ್‌ನಲ್ಲಿ ವೆಸ್ಲಿ ಇನಾಕ್ ಮತ್ತು ಡೆಬೊರಾ ಮೇಲ್‌ಮನ್ ಸೇರಿ ‘ದಿ ಸೆವೆನ್ ಸ್ಟೇಜಸ್ ಆಫ್ ಗ್ರೀವಿಂಗ್’ ಕಟ್ಟಿದರು. ಒಬ್ಬಳೇ ನಟಿ. ರಂಗದ ಮೇಲೆ ಮಂಜುಗಡ್ಡೆಯೊಂದು ತೂಗುತ್ತಾ ಕರಗುತ್ತಿರುತ್ತದೆ. ಒಂದು ಸೂಟ್‌ಕೇಸ್ ತುಂಬ ಮನೆಯವರ ಫೋಟೋ. ಅಳಬೇಕಾದ ಸಾವುಗಳು ಒಂದರ ಹಿಂದೆ ಒಂದು ಬರುತ್ತಲೇ ಇರುವಾಗ ಅಳು ಎಲ್ಲಿಂದ ಬರಬೇಕು ಅನ್ನುವುದು ಅವಳ ಸಂಕಟ.

ಇದೇ ಇನಾಕ್ ಅವರು 1998ರಲ್ಲಿ ಜೇನ್ ಹ್ಯಾರಿಸನ್ ಅವರ ‘ಸ್ಟೋಲನ್’ ನಿರ್ದೇಶಿಸಿದರು. ಮೆಲ್ಬರ್ನ್‌ನ ಇಲ್ಬಿಜೆರಿ ಎಂಬ ಮೂಲನಿವಾಸಿಗಳ ತಂಡ ಇದನ್ನು ಬರೆಸಿದ್ದು. ಅದಕ್ಕೆ ಒಂದು ವರ್ಷ ಮುಂಚೆ, 1997ರಲ್ಲಿ, ‘ಬ್ರಿಂಗಿಂಗ್ ದೆಮ್ ಹೋಮ್’ ಎಂಬ ಸರ್ಕಾರಿ ವರದಿ ಹೊರಬಂದಿತ್ತು. ಮೂಲನಿವಾಸಿ ಮಕ್ಕಳನ್ನು ತಾಯಂದಿರಿಂದ ಕಿತ್ತು ಅನಾಥಾಲಯಗಳಿಗೆ, ಬಿಳಿಯರ ಮನೆಗಳಿಗೆ ಕಳಿಸಿದ್ದರ ದಾಖಲೆ ಅದು. ನಾಟಕದಲ್ಲಿ ಐದು ಮಂಚಗಳು, ಐದು ಮಕ್ಕಳು. ಜಿಮ್ಮಿಗೆ ತಾಯಿ ಸತ್ತಿದ್ದಾಳೆ ಅಂತ ಹೇಳಿ ಬೆಳೆಸುತ್ತಾರೆ. ತಾಯಿ ಮಾತ್ರ ಬದುಕಿದ್ದಾಳೆ, ಕಾಗದ ಬರೆಯುತ್ತಲೇ ಇರುತ್ತಾಳೆ. ಅವು ಅವನ ಕೈಗೆ ಸೇರುವುದೇ ಇಲ್ಲ. ಅತಿಥಿಗಳು ಬಂದಾಗ ಮಕ್ಕಳು ಸಾಲಾಗಿ ನಿಲ್ಲಬೇಕು, ಯಾರನ್ನಾದರೂ ಆರಿಸಿಕೊಂಡು ಹೋಗುತ್ತಾರೆ. ಆ ಸಾಲನ್ನು ಓದುವಾಗ ನನಗೆ ಪುಸ್ತಕ ಮುಚ್ಚಿ ಸ್ವಲ್ಪ ಹೊತ್ತು ಹೊರಗೆ ಹೋಗಬೇಕಾಯಿತು. ನಾಟಕದ ಕೊನೆಗೆ ನಟರು ಪಾತ್ರ ಬಿಟ್ಟು ಹೊರಬಂದು ತಮ್ಮ ತಮ್ಮ ಮನೆಯ ಕಥೆ ಹೇಳುತ್ತಾರೆ. ಇದು ಕಥೆ ಮಾತ್ರ ಅಂತ ಸಮಾಧಾನ ಮಾಡಿಕೊಂಡು ಎದ್ದು ಹೋಗಲು ಆಗುವುದಿಲ್ಲ.

2008ರ ಫೆಬ್ರವರಿ 13ರಂದು ಪ್ರಧಾನಿ ಕೆವಿನ್ ರಡ್ ಸಂಸತ್ತಿನಲ್ಲಿ ಕ್ಷಮೆ ಕೇಳಿದರು. ರಂಗಭೂಮಿ ಅದಕ್ಕಿಂತ ಹತ್ತು ವರ್ಷ ಮುಂದಿತ್ತು. ಆದರೆ ನಾಟಕ ನೋಡಿದ ಮಾತ್ರಕ್ಕೆ ದೇಶ ಬದಲಾಗುತ್ತದೆ ಅಂತ ನಂಬುವುದೂ ಕಷ್ಟ. 2023ರ ಅಕ್ಟೋಬರ್‌ನಲ್ಲಿ ಮೂಲನಿವಾಸಿಗಳಿಗೆ ಸಂಸತ್ತಿಗೆ ಸಲಹೆ ಕೊಡುವ ಒಂದು ಮಂಡಳಿ ಬೇಕೇ ಅಂತ ಜನಮತ ಕೇಳಿದಾಗ ನೂರಕ್ಕೆ ಅರವತ್ತು ಜನ ಬೇಡ ಅಂದರು. ಅಂದಿನ ಬೇಸರ ನನ್ನಲ್ಲಿ ಇನ್ನೂ ಇದೆ.

ಕುಟುಂಬದ ಗುಟ್ಟುಗಳ ಬಗ್ಗೆ ಇಲ್ಲಿ ಇನ್ನೂ ಒಳ್ಳೆಯ ನಾಟಕಗಳಿವೆ. ಮೈಕಲ್ ಗೌ ಅವರ ‘ಅವೇ’ 1986ರದ್ದು. ವಿಯೆಟ್ನಾಂ ಯುದ್ಧದಲ್ಲಿ ಮಗನನ್ನು ಕಳೆದುಕೊಂಡ ತಾಯಿ ಕೋರಲ್ ಅದರಲ್ಲಿ ಇದ್ದಾಳೆ. ಆಂಡ್ರ್ಯೂ ಬೊವೆಲ್ ಅವರ ‘ವೆನ್ ದಿ ರೇನ್ ಸ್ಟಾಪ್ಸ್ ಫಾಲಿಂಗ್’ 2008ರದ್ದು. ಅದು ಶುರುವಾಗುವುದು 2039ರಲ್ಲಿ, ಅಲಿಸ್ ಸ್ಪ್ರಿಂಗ್ಸ್‌ನಲ್ಲಿ. ಮಳೆ ಸುರಿಯುತ್ತಿದೆ, ಮೀನುಗಳು ಭೂಮಿಯಿಂದ ಹೆಚ್ಚುಕಡಿಮೆ ಮಾಯವಾಗಿವೆ, ಒಂದು ಮೀನು ಆಕಾಶದಿಂದ ಒಬ್ಬನ ಕಾಲ ಬಳಿ ಬೀಳುತ್ತದೆ. ಅಜ್ಜನ ತಪ್ಪೊಂದು ನಾಲ್ಕು ತಲೆಮಾರು ಹೇಗೆ ಹರಿದುಬರುತ್ತದೆ ಅನ್ನುವುದನ್ನು ಬೊವೆಲ್ ಹವಾಮಾನದ ಜೊತೆ ಹೆಣೆದಿದ್ದಾರೆ. ಹೆತ್ತವರು ಮಾಡಿದ್ದನ್ನು ಮಕ್ಕಳು ಉಣ್ಣುವುದು, ಅಲ್ವಾ? ಸೂಸಿ ಮಿಲ್ಲರ್ ಅವರ ‘ಪ್ರೈಮಾ ಫೇಶಿ’ ಹೆಸರನ್ನು ಈಗ ಎಲ್ಲರೂ ಕೇಳಿದ್ದಾರೆ. ಅದು ಲಂಡನ್ನಿನಲ್ಲಿ ಹುಟ್ಟಿದ ನಾಟಕ ಅಂತ ಅಂದುಕೊಂಡವರು ತುಂಬ ಜನ. 2019ರಲ್ಲಿ ಸಿಡ್ನಿಯ ಗ್ರಿಫಿನ್ ತಂಡ, ಹಿಂದೆ ಕುದುರೆ ಲಾಯವಾಗಿದ್ದ ಪುಟ್ಟ ರಂಗಮಂದಿರದಲ್ಲಿ, ಅದನ್ನು ಮೊದಲು ಆಡಿತು. ಅತ್ಯಾಚಾರದ ಆರೋಪಿಗಳ ಪರ ವಾದಿಸಿ ಗೆಲ್ಲುತ್ತಿದ್ದ ವಕೀಲೆ ತಾನೇ ಸಾಕ್ಷಿ ಕಟಕಟೆಯಲ್ಲಿ ನಿಲ್ಲಬೇಕಾದ ಕಥೆ. ಒಬ್ಬಳೇ ನಟಿ ಎಲ್ಲವನ್ನೂ ಹೊರುತ್ತಾಳೆ.

ಒಬ್ಬರೇ ನಟರ ನಾಟಕಗಳು ಹೆಚ್ಚುತ್ತಿರುವುದಕ್ಕೆ ಹಣದ ಅಡಚಣೆಯೂ ಒಂದು ಕಾರಣ. ಅದಕ್ಕೇ ‘ಕೌಂಟಿಂಗ್ ಅಂಡ್ ಕ್ರ್ಯಾಕಿಂಗ್’ ಬಂದಾಗ ನನಗೆ ಆದ ಸಂತೋಷ ದೊಡ್ಡದು. ಹದಿನಾರು ನಟರು, ಮೂರು ಗಂಟೆಗೂ ಮೀರಿದ ಆಟ, ಒಂದು ಕುಟುಂಬದ ನಾಲ್ಕು ತಲೆಮಾರು. ಎಸ್. ಶಕ್ತಿಧರನ್ ಬರೆದದ್ದು. ಈಮನ್ ಫ್ಲಾಕ್ ನಿರ್ದೇಶನದಲ್ಲಿ ಬೆಲ್ವಾರ್ ತಂಡ 2019ರ ಜನವರಿಯಲ್ಲಿ ಸಿಡ್ನಿ ಉತ್ಸವಕ್ಕೆಂದು ಟೌನ್ ಹಾಲಿನಲ್ಲಿ ಆಡಿತು. 2004ರ ಸಿಡ್ನಿ. ರಾಧಾ ಮತ್ತು ಮಗ ಸಿದ್ಧಾರ್ಥ ಜಾರ್ಜಸ್ ನದಿಯಲ್ಲಿ ಅವಳ ತಾಯಿಯ ಅಸ್ಥಿ ಬಿಡುತ್ತಿದ್ದಾರೆ. ಶ್ರೀಲಂಕಾದ ಜೊತೆಗಿದ್ದ ಕೊನೆಯ ನಂಟೂ ಮುಗಿಯಿತು ಅನ್ನುವಷ್ಟರಲ್ಲಿ ಕೊಲಂಬೊದಿಂದ ಫೋನ್ ಬರುತ್ತದೆ. ಸತ್ತನೆಂದು ತಿಳಿದಿದ್ದ ಗಂಡ ಬದುಕಿದ್ದಾನೆ. ಅಲ್ಲಿಂದ ಕಥೆ ಹಿಂದಕ್ಕೆ ಹೋಗುತ್ತದೆ. 1956ರಲ್ಲಿ ಸಿಂಹಳವೊಂದೇ ಅಧಿಕೃತ ಭಾಷೆ ಅಂತ ಕಾನೂನು ಬಂದದ್ದು, 1983ರ ಜುಲೈನಲ್ಲಿ ತಮಿಳರ ಮನೆಗಳಿಗೆ ಬೆಂಕಿ ಬಿದ್ದದ್ದು, ಎಲ್ಲವೂ ಒಂದೇ ಮನೆಯ ಅಂಗಳದಲ್ಲಿ ನಡೆಯುತ್ತವೆ.

ಆ ಮನೆಯ ಹಿರಿಯ ಅಪ್ಪಾ. ರಾಜಕಾರಣಿ, ಸಿಂಹಳರೂ ತಮಿಳರೂ ಒಟ್ಟಿಗೆ ಬಾಳಬಹುದು ಅಂತ ನಂಬಿದವರು, ಆ ನಂಬಿಕೆ ಕಣ್ಣೆದುರೇ ಮುರಿಯುವುದನ್ನು ಕಂಡವರು. ಆ ಪಾತ್ರ ಮಾಡಿದ್ದು ನಮ್ಮ ಬೆಂಗಳೂರಿನ ಪ್ರಕಾಶ್ ಬೆಳವಾಡಿ. ಭಾಷೆಯ ಹೆಸರಿನಲ್ಲಿ ನೆರೆಯವರು ನೆರೆಯವರನ್ನು ಹೊಡೆಯುವುದು ಬೆಂಗಳೂರಿನವರಿಗೆ ತೀರಾ ಅಪರಿಚಿತವಲ್ಲ. 1991ರ ಡಿಸೆಂಬರ್‌ನಲ್ಲಿ ಕಾವೇರಿ ಗಲಭೆಯಲ್ಲಿ ತಮಿಳರ ಮನೆ, ಅಂಗಡಿಗಳು ಉರಿದದ್ದು ನಮ್ಮ ಊರಿನಲ್ಲೇ. ಅದರ ಬಗ್ಗೆ ಕನ್ನಡದಲ್ಲಿ ಒಂದು ದೊಡ್ಡ ನಾಟಕ ಬರಬೇಕು ಅಂತ ನನ್ನ ಆಸೆ.

ಶಕ್ತಿಧರನ್ ಅವರ ತಾಯಿ ಆನಂದವಳ್ಳಿ ಭರತನಾಟ್ಯ ಕಲಾವಿದೆ. ಬಿಟ್ಟು ಬಂದ ದೇಶದ ಬಗ್ಗೆ ಆಕೆ ಮಗನ ಹತ್ತಿರ ಮಾತಾಡುತ್ತಿರಲಿಲ್ಲ. ಮಗ ಊರೂರು ತಿರುಗಿ, ನೆಂಟರನ್ನೂ ಅಪರಿಚಿತರನ್ನೂ ಕೇಳಿ, ವರ್ಷಗಟ್ಟಲೆ ಈ ನಾಟಕ ಬರೆದರು. ಆಮೇಲೆ ತಾಯಿ ತಾನಾಗಿ ಮಾತಾಡಲು ಶುರು ಮಾಡಿದರಂತೆ. ನನ್ನ ಮಗಳಿಗೆ ಈಗ ಪ್ರಶ್ನೆ ಕೇಳುವ ವಯಸ್ಸು. ಅಜ್ಜಿ ಹೇಳದೆ ಬಿಟ್ಟ ಗೇಣಿದಾರರ ಹೆಸರುಗಳನ್ನು ಕೇಳಿ ಬರೆದುಕೊಳ್ಳಲು ಊರಿನಲ್ಲಿ ಈಗ ಇರುವುದು ಒಬ್ಬರೇ ದೊಡ್ಡಪ್ಪ. ಮುಂದಿನ ಸಲ ಹೋದಾಗ ಅವರ ಜೊತೆ ಕೂರಬೇಕು, ಮಗಳನ್ನೂ ಪಕ್ಕದಲ್ಲಿ ಕೂರಿಸಿಕೊಂಡು.